ಮುಳುಗಿದ ಊರಿನ ಚಿತ್ರ ಹುಡುಕುವವರು

ಸಾಗರದ ಕಡೆಯಿಂದ ಸಿಗಂದೂರಿಗೆ ಹೋಗುವವರು 2025ರ ಜುಲೈವರೆಗೂ ಅಂಬಾರಗೋಡ್ಲುವಿನಲ್ಲಿ ಲಾಂಚಿಗೆ ಕಾಯುತ್ತಿದ್ದರು. ಈಗ ಸೇತುವೆ ಬಂದಿದೆ. ಕೆಳಗಿನ ನೀರು ಮಾತ್ರ ಅದೇ: 1964ರಲ್ಲಿ ಲಿಂಗನಮಕ್ಕಿ ಅಣೆಕಟ್ಟು ಮುಗಿದಾಗ ಗದ್ದೆ, ತೋಟ, ಮನೆಗಳ ಮೇಲೆ ಹರಡಿಕೊಂಡ ಶರಾವತಿ. ಈ ಮುಳುಗಡೆಯ ಬಗ್ಗೆ ಸಾಕ್ಷ್ಯಚಿತ್ರ ಮಾಡಹೊರಟವರಿಗೆ ಮೊದಲು ಎದುರಾಗುವ ಪ್ರಶ್ನೆ, ಮುಳುಗದೆ ಇದ್ದಾಗಿನ ಊರನ್ನು ತೋರಿಸುವುದು ಹೇಗೆ ಎಂಬುದು.

ಹಳೆಯ ಚಿತ್ರದ ತುಣುಕುಗಳನ್ನು ಹುಡುಕಿ, ಬಳಸಲು ಪರವಾನಗಿ ತರುವುದು ಸಿನಿಮಾ, ಟಿ.ವಿ. ಲೋಕದಲ್ಲಿ ಒಂದು ಪ್ರತ್ಯೇಕ ಕಸುಬೇ ಆಗಿದೆ. ಅದು ಶುರುವಾಗುವುದು ಹೆಸರುಗಳಿಂದ. ಜೋಗ ಇಂಗ್ಲಿಷರ ಕಡತಗಳಲ್ಲಿ ‘ಗೇರುಸೊಪ್ಪೆ ಜಲಪಾತ’. ಆಗ ಅಲ್ಲಿ ನದಿಯ ಒಂದು ದಡ ಮೈಸೂರು ಸಂಸ್ಥಾನ, ಇನ್ನೊಂದು ಮುಂಬಯಿ ಪ್ರಾಂತ. ಹೀಗಾಗಿ ನಮ್ಮ ಜಲಪಾತದ ರೀಲು ಮುಂಬಯಿ ಎಂಬ ಶೀರ್ಷಿಕೆಯಡಿ ಮಲಗಿದ್ದರೂ ಆಶ್ಚರ್ಯವಿಲ್ಲ. ‘ಕರ್ನಾಟಕ’ ಎಂದು ಹುಡುಕಿ ಫಲವಿಲ್ಲ. ರಾಜ್ಯಕ್ಕೆ ಆ ಹೆಸರು ಬಂದದ್ದೇ 1973ರಲ್ಲಿ.

1948ರಲ್ಲಿ ಹುಟ್ಟಿದ ಫಿಲ್ಮ್ಸ್ ಡಿವಿಜನ್ನಿನ ವಾರ್ತಾಚಿತ್ರಗಳು ದೇಶದ ಟಾಕೀಸುಗಳಲ್ಲೆಲ್ಲ ಓಡುತ್ತಿದ್ದವು. ಅವಕ್ಕೆ ಅಣೆಕಟ್ಟೆಂದರೆ ಪ್ರೀತಿ; ಗಾಡಿಗೆ ಪಾತ್ರೆಪಡಗ ಹೇರಿಕೊಂಡು ಹೊರಟ ಕುಟುಂಬದ ಕಡೆ ಕ್ಯಾಮೆರಾ ತಿರುಗಿದ್ದು ಅಪರೂಪ. ಪುಣೆಯ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯದಂತೆ ಈ ಸಂಸ್ಥೆಯೂ 2022ರಲ್ಲಿ ಎನ್‌ಎಫ್‌ಡಿಸಿಯೊಳಗೆ ಸೇರಿತು.

ತುಣುಕು ಸಿಕ್ಕಿತೆನ್ನಿ, ಅದು ಯಾವ ಅಣೆಕಟ್ಟು? ಕಪ್ಪುಬಿಳುಪಿನಲ್ಲಿ ಎಲ್ಲವೂ ಒಂದೇ. ಮಡೆನೂರಿನ ಹಿರೇಭಾಸ್ಕರ ಅಣೆಕಟ್ಟಾದರೆ ಗಣೇಶ ಅಯ್ಯರ್ ವಿನ್ಯಾಸದ ಸೈಫನ್‌ಗಳೇ ಗುರುತು. ಲಿಂಗನಮಕ್ಕಿಯ ನೀರಿನಲ್ಲಿ ತಾನೇ ಮುಳುಗಿದ ಆ ಕಟ್ಟೆ, ಬರಗಾಲದಲ್ಲಿ ಮತ್ತೆ ತಲೆಯೆತ್ತುತ್ತದೆ. ಬೇರೆ ಜಲಾಶಯದ ಚಿತ್ರ ಅಂಟಿಸಿದರೆ ಪಟ್ಟಣದ ಪ್ರೇಕ್ಷಕನಿಗೆ ತಿಳಿಯದಿರಬಹುದು. ಮನೆ ಕಳೆದುಕೊಂಡವನಿಗೆ ತಿಳಿಯುತ್ತದೆ.

ಆಮೇಲೆ ಹಕ್ಕಿನ ಮಾತು. 1957ರ ಕಾಯಿದೆಯ ಪ್ರಕಾರ ಚಲನಚಿತ್ರದ ಹಕ್ಕುಸ್ವಾಮ್ಯ, ಅದು ಬಿಡುಗಡೆಯಾದ ಮರುವರ್ಷದಿಂದ 60 ವರ್ಷ. 1964ರ ಚಿತ್ರದ್ದು 2024ರ ಕೊನೆಗೆ ಮುಗಿಯಿತು. ಆದರೆ ಅದರ ಸಂಗೀತಕ್ಕೆ ಬೇರೆ ಲೆಕ್ಕ. ಸಂಗೀತಗಾರ ತೀರಿಕೊಂಡ ಮೇಲೂ 60 ವರ್ಷ ಹಕ್ಕು ನಿಲ್ಲುತ್ತದೆ. ಹಕ್ಕು ಮುಗಿದಿದ್ದರೂ ರೀಲು ಯಾರ ಕೈಯಲ್ಲಿದೆಯೋ ಅವರು ಪ್ರತಿ ಮಾಡಿಕೊಡಲು ಹಣ ಕೇಳಬಹುದು. ಪರವಾನಗಿ ದರವೂ ನಿಮಿಷ ಎಣಿಸಿಯಷ್ಟೇ ಅಲ್ಲ, ಟಿ.ವಿ.ಗೋ ಟಾಕೀಸಿಗೋ, ಒಂದೇ ದೇಶಕ್ಕೋ ಲೋಕಕ್ಕೆಲ್ಲವೋ ಎಂಬುದರ ಮೇಲೆ ನಿಲ್ಲುತ್ತದೆ. ಐದು ವರ್ಷಕ್ಕೆಂದು ಅಗ್ಗದಲ್ಲಿ ಕೊಂಡವರು ಆರನೆಯ ವರ್ಷ ಪೇಚಿಗೆ ಸಿಲುಕುವುದುಂಟು.

ಇಷ್ಟೆಲ್ಲ ರೀಲು ಉಳಿದಿದ್ದರೆ. ಮೊದಲ ಕನ್ನಡ ಟಾಕಿ ‘ಸತಿ ಸುಲೋಚನ’ದ (1934) ಒಂದು ಪ್ರತಿಯೂ ಇಲ್ಲ. ತೀರ್ಥಹಳ್ಳಿ ತಾಲ್ಲೂಕಿನ ಕೆಸಲೂರಿನವರಾದ ಗಿರೀಶ ಕಾಸರವಳ್ಳಿಯವರ ‘ಘಟಶ್ರಾದ್ಧ’ (1977) ಮಾತ್ರ, ಮೂಲ ನೆಗೆಟಿವ್ ಪುಣೆಯಲ್ಲಿ ಉಳಿದಿದ್ದರಿಂದ, ಹೊಸದಾಗಿ 2024ರಲ್ಲಿ ವೆನಿಸ್ ಉತ್ಸವದ ತೆರೆ ಕಂಡಿತು. ಮಲೆನಾಡಿನ ಅಟ್ಟಗಳಲ್ಲಿ ಯಾರಾದರೂ ಎಂಟು ಮಿಲಿಮೀಟರಿನ ರೀಲು ಇಟ್ಟಿದ್ದರೆ ಡಬ್ಬಿ ತೆರೆದು ಮೂಸಿ ನೋಡಬೇಕು. ವಿನೆಗರಿನಂಥ ಹುಳಿ ವಾಸನೆ ಬಂದರೆ ಫಿಲ್ಮು ಕೊಳೆಯುತ್ತಿದೆ ಎಂದರ್ಥ. ಇಲ್ಲಿನ ಮಳೆಗಾಲದ ಥಂಡಿಗೆ ಅದು ಬಹಳ ದಿನ ತಡೆಯುವುದಿಲ್ಲ.