ಶೌಚಗುಂಡಿ ಸ್ವಚ್ಛತೆ: ಇಳಿಯಬೇಕಾದ್ದು ಪೈಪು, ಮನುಷ್ಯನಲ್ಲ

ಬಳ್ಳಾರಿ: ಒಳಚರಂಡಿ ಸಂಪರ್ಕವಿಲ್ಲದ ಮನೆಗಳಲ್ಲಿ ಶೌಚಗುಂಡಿ ತುಂಬಿದ ಕೂಡಲೇ ಕೂಲಿಗೆ ಇಬ್ಬರನ್ನು ಕರೆಸಿ, ಹಗ್ಗ, ಬಕೆಟ್ ಕೊಟ್ಟು ಒಳಗಿಳಿಸುವ ಯೋಚನೆ ಸುಲಭವಾಗಿ ಹೊಳೆಯುತ್ತದೆ. ಆದರೆ ಇದು ಶಿಕ್ಷಾರ್ಹ ಅಪರಾಧ. ಇಳಿದವರ ಪ್ರಾಣಕ್ಕೂ ಕುತ್ತು.

ಅಪಾಯ ಏಕೆ?

ಮುಚ್ಚಿದ ಗುಂಡಿಯಲ್ಲಿ ಮಲ ಕೊಳೆಯುವಾಗ ಹೈಡ್ರೋಜನ್ ಸಲ್ಫೈಡ್, ಮೀಥೇನ್, ಇಂಗಾಲದ ಡೈಆಕ್ಸೈಡ್ ಉತ್ಪತ್ತಿಯಾಗುತ್ತವೆ, ಆಮ್ಲಜನಕ ಕಡಿಮೆಯಾಗುತ್ತದೆ. ಹೈಡ್ರೋಜನ್ ಸಲ್ಫೈಡ್‌ಗೆ ಕೊಳೆತ ಮೊಟ್ಟೆಯ ವಾಸನೆಯಿದೆ. ಆದರೆ ಅದರ ಪ್ರಮಾಣ ಹೆಚ್ಚಿದಾಗ ಮೂಗು ವಾಸನೆ ಗ್ರಹಿಸುವ ಶಕ್ತಿಯನ್ನೇ ಕಳೆದುಕೊಳ್ಳುತ್ತದೆ. 'ವಾಸನೆ ಹೋಯಿತು, ಇನ್ನು ಇಳಿಯಬಹುದು' ಎಂಬ ಲೆಕ್ಕಾಚಾರ ತಪ್ಪುವುದು ಇಲ್ಲಿಯೇ. ಈ ಅನಿಲ ಗಾಳಿಗಿಂತ ಭಾರವಾದ್ದರಿಂದ ತಳದಲ್ಲಿ ನಿಲ್ಲುತ್ತದೆ. ಕೆಸರನ್ನು ಕಲಕಿದರೆ ಒಮ್ಮೆಲೇ ಹೊರಬರುತ್ತದೆ. ಮುಚ್ಚಳವನ್ನು ಕೆಲಕಾಲ ತೆರೆದಿಟ್ಟ ಮಾತ್ರಕ್ಕೆ ಗುಂಡಿ ಸುರಕ್ಷಿತವಾಗದು.

ಎರೆಭೂಮಿಯ ಸಮಸ್ಯೆ

ಸಿರುಗುಪ್ಪ, ಕುರುಗೋಡು ಭಾಗದ ಎರೆಮಣ್ಣು ನೀರನ್ನು ಬೇಗ ಇಂಗಿಸುವುದಿಲ್ಲ. ಮಳೆಗಾಲದಲ್ಲಿ ಅಥವಾ ಕಾಲುವೆ ನೀರಿನಿಂದ ಸುತ್ತಲಿನ ಗದ್ದೆಗಳು ತೇವಗೊಂಡಾಗ ಇಂಗುಗುಂಡಿ ಕೆಲಸ ಮಾಡದೆ ಟ್ಯಾಂಕ್ ತುಂಬಿದಂತೆ ಕಾಣಬಹುದು. ಅಂತಹ ಸಂದರ್ಭದಲ್ಲಿ ಎಷ್ಟು ಬಾರಿ ಖಾಲಿ ಮಾಡಿಸಿದರೂ ಪ್ರಯೋಜನವಿಲ್ಲ, ಇಂಗುಗುಂಡಿಯನ್ನೇ ಸರಿಪಡಿಸಬೇಕು.

ಸುರಕ್ಷಿತ ವಿಧಾನ

* ತುಂಬಿ ಹರಿಯುವವರೆಗೆ ಕಾಯದೆ 2-3 ವರ್ಷಕ್ಕೊಮ್ಮೆ ಸಕ್ಕಿಂಗ್ ಯಂತ್ರದಿಂದ ಖಾಲಿ ಮಾಡಿಸಬೇಕು. ವಾಹನಕ್ಕಾಗಿ ಬಳ್ಳಾರಿಯಲ್ಲಿ ಮಹಾನಗರ ಪಾಲಿಕೆಯನ್ನು, ಇತರೆಡೆ ಸ್ಥಳೀಯ ಸಂಸ್ಥೆಯನ್ನು ವಿಚಾರಿಸಬೇಕು.
* ಹೊರಗೆ ನಿಂತೇ ಪೈಪು ಇಳಿಸಬೇಕು. ಮಕ್ಕಳನ್ನು ದೂರವಿಡಬೇಕು.
* ಮೀಥೇನ್ ಹೊತ್ತಿಕೊಳ್ಳುವ ಅನಿಲ. ಬೀಡಿ, ಬೆಂಕಿಕಡ್ಡಿ ಸಮೀಪ ಸುಳಿಯಬಾರದು.
* ಆಸಿಡ್, ಫಿನಾಯಿಲ್ ಸುರಿದರೆ ಮಲ ಕೊಳೆಯಿಸುವ ಸೂಕ್ಷ್ಮಜೀವಿಗಳು ಸಾಯುತ್ತವೆ.
* ತೆಗೆದ ಕೆಸರನ್ನು ಹಳ್ಳ, ಕಾಲುವೆಗೆ ಸುರಿಯಲು ಬಿಡಬಾರದು.

ಕಾನೂನು ಏನು ಹೇಳುತ್ತದೆ?

2013ರ ಕಾಯ್ದೆಯಂತೆ ಸುರಕ್ಷತಾ ಸಾಧನಗಳಿಲ್ಲದೆ ಯಾರನ್ನೂ ಗುಂಡಿ ಸ್ವಚ್ಛತೆಗೆ ತೊಡಗಿಸುವಂತಿಲ್ಲ. ಮನೆ ಮಾಲೀಕರೂ ಇದಕ್ಕೆ ಹೊರತಲ್ಲ. ಮೊದಲ ಅಪರಾಧಕ್ಕೆ 2 ವರ್ಷದವರೆಗೆ ಜೈಲು, 2 ಲಕ್ಷ ರೂ.ವರೆಗೆ ದಂಡ ಅಥವಾ ಎರಡನ್ನೂ ವಿಧಿಸಬಹುದು. ಇಂತಹ ಸಾವುಗಳಿಗೆ 2014ರಲ್ಲಿ 10 ಲಕ್ಷ ರೂ. ಪರಿಹಾರ ನಿಗದಿಪಡಿಸಿದ್ದ ಸುಪ್ರೀಂ ಕೋರ್ಟ್, 2023ರಲ್ಲಿ ಅದನ್ನು 30 ಲಕ್ಷ ರೂ.ಗೆ ಏರಿಸಿತು.

ಯಾರಾದರೂ ಬಿದ್ದರೆ

ಒಬ್ಬರನ್ನು ಎತ್ತಲು ಹೋದ ಮತ್ತೊಬ್ಬರೂ ಅಸುನೀಗುವುದು ಇಂತಹ ದುರಂತಗಳಲ್ಲಿ ಮರುಕಳಿಸುತ್ತಲೇ ಇದೆ. ಬರಿಗೈಯಲ್ಲಿ ಇಳಿಯದೆ, ತಕ್ಷಣ 112ಕ್ಕೆ ಕರೆ ಮಾಡಿ ಅಗ್ನಿಶಾಮಕ ಸಿಬ್ಬಂದಿಯ ನೆರವು ಕೋರಬೇಕು. ಉಸಿರಾಟದ ಉಪಕರಣ ತೊಟ್ಟವರು ಮಾತ್ರ ಒಳಗಿಳಿಯಬೇಕು.