ಬೂಷ್ಟು ತೊಳೆದರೆ ಅರ್ಬುದ ತೊಲಗುವುದೆ?

ಚನ್ನಗಿರಿ ಸೀಮೆಯ ಅಡಿಕೆ ಬೇಯಿಸುವ ಚಪ್ಪರವೊಂದರಲ್ಲಿ, ಹಂಡೆಯೊಳಗೆ ಚೊಗರು ಕುದಿಯುತ್ತಿರಲು, ಎದುರಿಗೆ ಕುಳಿತಿದ್ದ ಹಿರಿಯರೊಬ್ಬರು ಲೋಟದ ಬಿಸಿನೀರಿಗೆ ಅಡುಗೆ ಸೋಡ ಕದಡಿ ಬಾಯಿ ಮುಕ್ಕಳಿಸಿ, "ಕ್ಯಾನ್ಸರ್ ಅಂದ್ರೆ ಮತ್ತೇನಲ್ಲ ಸ್ವಾಮಿ, ಅದೂ ಒಂದು ಬೂಷ್ಟು, ಸೋಡ ಬಿದ್ರೆ ಸಾಯ್ತತಿ" ಎಂದು ವೈದ್ಯಶಾಸ್ತ್ರದ ಶತಮಾನಗಳ ಪರಿಶ್ರಮವನ್ನು ಒಂದೇ ಉಗುಳಿನಲ್ಲಿ ತೊಳೆದುಬಿಟ್ಟರು. ಈ ಜ್ಞಾನ ಅವರಿಗೆ ಪ್ರಾಪ್ತವಾದದ್ದು ಮೊಮ್ಮಗನ ಮೊಬೈಲಿನಿಂದ. ಇದೇ ವಾದವನ್ನು ಇಟಲಿಯಲ್ಲಿ ಹಬ್ಬಿಸಿ ರೋಗಿಗಳಿಗೆ ಸೋಡ ದ್ರಾವಣ ಕೊಟ್ಟ ಟುಲಿಯೊ ಸಿಮೊನ್ಚಿನಿ ಎಂಬಾತ ವೈದ್ಯವೃತ್ತಿಯ ಪರವಾನಗಿಯನ್ನು ಕಳೆದುಕೊಂಡು ನ್ಯಾಯಾಲಯದ ದಂಡನೆಗೂ ಗುರಿಯಾದನೆಂಬ ಭಾಗ ಮಾತ್ರ ಆ ಮೊಬೈಲಿಗೆ ಬಂದಿರಲಿಲ್ಲ.

ಈ ಭ್ರಾಂತಿ ನಮ್ಮಲ್ಲಿ ಸುಲಭವಾಗಿ ಬೇರೂರುವುದಕ್ಕೆ ಕಾರಣವಿಲ್ಲದಿಲ್ಲ. ಮಳೆಗಾಲದಲ್ಲಿ ಗೊನೆಗೆ ಕೊಳೆರೋಗ ತಗುಲಿದರೆ ಮೈಲುತುತ್ತ ಸುಣ್ಣಗಳ ಬೋರ್ಡೋ ದ್ರಾವಣ ಸಿಂಪಡಿಸಿ ಫಸಲುಳಿಸಿಕೊಂಡವನಿಗೆ, ಬಾಯಿಯ ರೋಗಕ್ಕೂ ಅಂಥದೊಂದು ಸಿಂಪಡಣೆ ಇರಬಾರದೇಕೆ ಎನ್ನಿಸುವುದು ಸಹಜ. (ಕೊಳೆರೋಗದ ಜೀವಿಯೂ ಕಟ್ಟುನಿಟ್ಟಾಗಿ ಶಿಲೀಂಧ್ರವಲ್ಲವೆಂಬುದು ಬೇರೆ ಮಾತು.) ಆದರೆ ಅರ್ಬುದವು ಹೊರಗಿನಿಂದ ಬಂದು ಕುಳಿತ ಜೀವಿಯಲ್ಲ, ಅಂಕೆ ಮೀರಿ ವೃದ್ಧಿಸುವ ನಮ್ಮದೇ ಜೀವಕೋಶ.

ಬಾಯಿಯ ಬೂಷ್ಟನ್ನು ಉಂಟುಮಾಡುವ ಕ್ಯಾಂಡಿಡಾ ಆರೋಗ್ಯವಂತರ ಬಾಯಲ್ಲಿಯೂ ಸದ್ದಿಲ್ಲದೆ ವಾಸಿಸತಕ್ಕದ್ದು. ಹಾಲುಗೂಸಿನಲ್ಲಿ, ಸಕ್ಕರೆ ಕಾಯಿಲೆಯವರಲ್ಲಿ, ಕಟ್ಟಿದ ಹಲ್ಲನ್ನು ರಾತ್ರಿಯೂ ತೆಗೆಯದವರಲ್ಲಿ, ಉಬ್ಬಸಕ್ಕೆ ಸ್ಟೀರಾಯ್ಡ್ ಔಷಧ ಸೇದಿ ಬಾಯಿ ತೊಳೆಯದವರಲ್ಲಿ ಅದು ಹೆಪ್ಪು ಮೊಸರಿನಂತೆ ಮೇಲೇಳುತ್ತದೆ. ಬಟ್ಟೆಯಿಂದ ಒರೆಸಿದರೆ ಏಳುತ್ತದೆ, ಕೆಳಗೆ ಕೆಂಪು ಕಾಣುತ್ತದೆ, ಔಷಧಕ್ಕೆ ಮಣಿಯುತ್ತದೆ. ಅಂಜಬೇಕಾದದ್ದು ಒರೆಸಿದರೂ ಏಳದ ಬಿಳಿ ಮಚ್ಚೆಗೆ. ಅಂಥ ಮಚ್ಚೆಯೊಳಗೂ ಕೆಲವೊಮ್ಮೆ ಕ್ಯಾಂಡಿಡಾ ನೆಲೆಸಿರುವುದುಂಟು, ಹಾಗೆ ನೆಲೆಸಿದ ಕೆಂಪುಬಿಳಿ ಮಿಶ್ರಿತ ಮಚ್ಚೆಗಳು ಅರ್ಬುದಕ್ಕೆ ತಿರುಗುವ ಸಂಭವ ಹೆಚ್ಚೆಂಬುದೂ ಉಂಟು. ಆದರೆ ಅದು ಕೆಡುಕನ್ನು ತಂದುದೋ, ಕೆಟ್ಟ ಮನೆಯನ್ನು ಹೊಕ್ಕ ಬಾಡಿಗೆದಾರನೋ ಎಂಬ ವಾದ ವಿದ್ವಾಂಸರಲ್ಲಿ ಇನ್ನೂ ಇತ್ಯರ್ಥವಾಗಿಲ್ಲ. ಬಾಡಿಗೆದಾರನನ್ನು ಓಡಿಸುವುದು ಸರಿಯೇ. ಓಡಿಸಿದ ಮೇಲೂ ಮಚ್ಚೆ ಉಳಿದರೆ ಚೂರು ಮಾಂಸ ತೆಗೆದು ಪರೀಕ್ಷಿಸಬೇಕು.

ಮನೆಯನ್ನು ಕೆಡಿಸಿದವನ ಹೆಸರು ಹೇಳಲು ನಮ್ಮ ಕಡೆ ಸಂಕೋಚ, ಏಕೆಂದರೆ ಆತನೇ ಅನ್ನದಾತ. ಚನ್ನಗಿರಿ, ಹೊನ್ನಾಳಿ, ನ್ಯಾಮತಿಗಳ ತೋಟಗಳಿರಲಿ, ಬಯಲಸೀಮೆಯ ಜಗಳೂರಿನಲ್ಲೂ ಕೊಳವೆಬಾವಿ ತೋಡಿ ಅಡಿಕೆ ನೆಡುತ್ತಿರುವ ಕಾಲವಿದು. ತಂಬಾಕಿಲ್ಲದ ಅಡಿಕೆಯೂ ಅರ್ಬುದಕಾರಿಯೆಂದು ವಿಶ್ವ ಆರೋಗ್ಯ ಸಂಸ್ಥೆಯ ಅರ್ಬುದ ಸಂಶೋಧನಾ ಅಂಗ 2004ರಲ್ಲಿಯೇ ಸಾರಿತು. ಅಡಿಕೆಯ ಅರಿಕೋಲಿನ್ ಕೆನ್ನೆಯ ಒಳಪದರದಲ್ಲಿ ನಾರನ್ನು ಬೆಳೆಸಿ ಹುರಿಗಟ್ಟಿಸುತ್ತದೆ, ಬಾಯಿ ಕ್ರಮೇಣ ಬಿಗಿಯುತ್ತದೆ. 1953ರಲ್ಲಿ ಮುಂಬಯಿಯ ವೈದ್ಯ ಜೋಶಿಯವರು ಹೆಸರಿಟ್ಟು ವಿವರಿಸಿದ ಈ ನಾರುರೋಗ ಅರ್ಬುದದ ಪೂರ್ವಾವಸ್ಥೆಗಳಲ್ಲೊಂದು.

ಪರೀಕ್ಷೆಗೆಂದು ಚೂರು ಕತ್ತರಿಸಿದರೆ ರೋಗ ಹರಡುವುದೆಂಬುದು ಸುಳ್ಳು. ಬಾಯಿಯ ಅರ್ಬುದ ಎಂಜಲಿನಿಂದ ಅಂಟುವುದೆಂಬುದೂ ಸುಳ್ಳು. ಎರಡು ವಾರದಲ್ಲಿ ಮಾಯದ ಹುಣ್ಣನ್ನು 'ಉಷ್ಣ'ವೆಂದು ಮಜ್ಜಿಗೆ ಕುಡಿದು ಕಾಯುವುದು ಮಾತ್ರ ಸುಳ್ಳಿಗಿಂತ ಕೇಡು.

ಸಸಿ ಕೊಳ್ಳುವಾಗ ತಾಯಿಮರ ಯಾವ ತೋಟದ್ದು, ವಯಸ್ಸೆಷ್ಟು, ಗೊನೆ ಎಷ್ಟೆಂದು ನೂರು ಪ್ರಶ್ನೆ ಕೇಳುವ, ರಾಶಿಯ ಧಾರಣೆ ಹೇಳಿದವನ ಮಾತನ್ನು ಮತ್ತಿಬ್ಬರಲ್ಲಿ ವಿಚಾರಿಸದೆ ನಂಬದ ಈ ಜನ, ತಮ್ಮ ಬಾಯಿಯ ವಿಷಯದಲ್ಲಿ ಹೆಸರಿಲ್ಲದವನ ಸಂದೇಶಕ್ಕೆ ಶಿರಬಾಗುವುದನ್ನು ಕಂಡಾಗ ನನಗೆ ನಗುವೂ ಬರುತ್ತದೆ, ಸಿಟ್ಟೂ ಬರುತ್ತದೆ. ಮೂರು ಬೆರಳನ್ನು ಒಂದರ ಮೇಲೊಂದಾಗಿ ಹಲ್ಲುಗಳ ನಡುವೆ ಇಡಿರೆಂದು ಆ ಹಿರಿಯರನ್ನು ಕೇಳಿದೆ. ಎರಡು ಹಿಡಿಸಿದವು, ಮೂರನೆಯದು ಹಲ್ಲಿಗೆ ತಾಗಿ ನಿಂತಿತು. "ವಯಸ್ಸಾತಲ್ರೀ" ಎಂದು ನಕ್ಕು, ಸಂಚಿ ಬಿಚ್ಚಿ ಒಂದು ಹೋಳು ಬಾಯಿಗೆ ಹಾಕಿಕೊಂಡರು.