ಬೀಳುತ್ತಲೇ ಇರುವ ಭೂಮಿ

ಮರದಿಂದ ಕಳಚಿದ ಹಣ್ಣು ನೆಲಕ್ಕೆ ಬೀಳುತ್ತದೆ. ಆದರೆ ಸೂರ್ಯನ ಸೆಳೆತಕ್ಕೆ ಒಳಗಾದ ಭೂಮಿಯು ಸೂರ್ಯನ ಒಡಲಿಗೆ ಬೀಳದೆ ಸುಮಾರು 450 ಕೋಟಿ ವರ್ಷಗಳಿಂದ ಅದನ್ನು ಸುತ್ತುತ್ತಲೇ ಇದೆ. ಇದೇಕೆ ಹೀಗೆ? ಒಳಗೆಳೆಯುವ ಗುರುತ್ವಾಕರ್ಷಣೆಯೂ ಹೊರಗೆಳೆಯುವ ಇನ್ನೊಂದು ಬಲವೂ ಸರಿತೂಗಿರುವುದೇ ಕಾರಣ ಎಂದು ಹಲವರು ಭಾವಿಸುವುದುಂಟು. ಈ ಭಾವನೆ ಸರಿಯಲ್ಲ. ಬಲಗಳು ನಿಜವಾಗಿ ಸರಿತೂಗಿದ್ದರೆ ಗ್ರಹವು ಸರಳರೇಖೆಯಲ್ಲಿ ಸಾಗಿ ಎಂದೋ ದೂರವಾಗುತ್ತಿತ್ತು. ಅದರ ಹಾದಿ ಬಾಗಿರುವುದೇ ಒಂದು ಬಲವು ಸರಿತೂಗದೆ ಉಳಿದಿದೆ ಎಂಬುದಕ್ಕೆ ಸಾಕ್ಷಿ.

ಜೋಳದ ಹೊಲದ ಅಟ್ಟಣೆಯ ಮೇಲೆ ನಿಂತು ಹಕ್ಕಿಗಳನ್ನು ಓಡಿಸಲು ಕವಣೆ ಬೀಸುವವನನ್ನು ನೆನೆಯೋಣ. ಕಲ್ಲನ್ನು ಸುತ್ತುವಂತೆ ಮಾಡುವುದು ಅವನ ಕೈ ಹಗ್ಗದ ಮೂಲಕ ಒಳಮುಖವಾಗಿ ಎಳೆಯುವ ಬಲ. ಹಗ್ಗದ ಒಂದು ತುದಿಯನ್ನು ಬಿಟ್ಟೊಡನೆ ಕಲ್ಲು ಆ ಕ್ಷಣದಲ್ಲಿ ತಾನು ಸಾಗುತ್ತಿದ್ದ ದಿಕ್ಕಿನಲ್ಲಿಯೇ ನೇರವಾಗಿ ಹಾರುತ್ತದೆ. ಗ್ರಹದ ವಿಷಯದಲ್ಲಿ ಹಗ್ಗದ ಕೆಲಸವನ್ನು ಗುರುತ್ವಾಕರ್ಷಣೆ ಮಾಡುತ್ತದೆ.

ಗ್ರಹಗಳ ಕಕ್ಷೆ ದೀರ್ಘವೃತ್ತವೆಂದು ಕೆಪ್ಲರ್ 1609ರಲ್ಲಿ ತೋರಿಸಿದನು. ಆದರೆ ಗ್ರಹವನ್ನು ಅದರ ಹಾದಿಯಗುಂಟ ತಳ್ಳುವ ಬಲವೊಂದು ಬೇಕೆಂದೇ ಅವನು ನಂಬಿದ್ದನು. 1687ರಲ್ಲಿ ಪ್ರಕಟವಾದ ತನ್ನ ಗ್ರಂಥದಲ್ಲಿ ನ್ಯೂಟನ್ ಈ ತೊಡಕನ್ನು ಬಿಡಿಸಿದನು. ಮುಂದೆ ಸಾಗಲು ಜಡತ್ವವೇ ಸಾಕು. ಹಾದಿಯನ್ನು ಬಾಗಿಸಲು ಮಾತ್ರ ಬಲ ಬೇಕು. ಆ ಬಲ ದೂರದ ವರ್ಗಕ್ಕೆ ವಿಲೋಮವಾಗಿರುತ್ತದೆ: ದೂರ ಇಮ್ಮಡಿಯಾದರೆ ಸೆಳೆತ ಕಾಲುಭಾಗಕ್ಕೆ ಇಳಿಯುತ್ತದೆ.

ಭೂಮಿಯು ಸೆಕೆಂಡಿಗೆ ಸುಮಾರು 30 ಕಿಲೋಮೀಟರ್ ಮುಂದೆ ಸಾಗುತ್ತದೆ. ಅದೇ ಸೆಕೆಂಡಿನಲ್ಲಿ ಆ ನೇರ ದಾರಿಯಿಂದ ಸೂರ್ಯನತ್ತ ಬೀಳುವುದು ಕೇವಲ 3 ಮಿಲಿಮೀಟರ್! ಅಂದರೆ ಭೂಮಿ ಬೀಳುತ್ತಿಲ್ಲವೆಂದಲ್ಲ. ಸದಾ ಬೀಳುತ್ತಿದೆ, ಆದರೆ ಪ್ರತಿಸಲವೂ ಸೂರ್ಯನ ಪಕ್ಕಕ್ಕೆ ಸರಿದುಹೋಗುತ್ತಿದೆ. ಈ ಮುನ್ನಡೆ ಒಮ್ಮೆಲೇ ನಿಂತರೆ ಎರಡು ತಿಂಗಳಿಗಿಂತ ತುಸು ಹೆಚ್ಚು ಕಾಲದಲ್ಲಿ ಭೂಮಿ ಸೂರ್ಯನೊಳಗೆ ಬಿದ್ದೀತು. ವೇಗವು 42 ಕಿಲೋಮೀಟರಿಗೆ ಏರಿದರೆ ಸೂರ್ಯನ ಹಿಡಿತದಿಂದಲೇ ಪಾರಾದೀತು.

ಹಾಗೆಂದು ಇದು ಕೂದಲೆಳೆಯ ಮೇಲೆ ನಿಂತ ವ್ಯವಸ್ಥೆಯಲ್ಲ. ವೇಗ ತುಸು ಬದಲಾದರೆ ಕಕ್ಷೆಯ ಆಕಾರ ಬದಲಾಗುವುದೇ ಹೊರತು ಗ್ರಹ ನಾಶವಾಗುವುದಿಲ್ಲ. ಜನವರಿಯ ಆರಂಭದಲ್ಲಿ ಭೂಮಿ ಸೂರ್ಯನಿಂದ 14.7 ಕೋಟಿ ಕಿಲೋಮೀಟರ್ ದೂರದಲ್ಲಿದ್ದು ವೇಗವಾಗಿ ಚಲಿಸುತ್ತದೆ. ಜುಲೈ ಆರಂಭದಲ್ಲಿ 15.2 ಕೋಟಿ ಕಿಲೋಮೀಟರ್ ದೂರಕ್ಕೆ ಸರಿದು ನಿಧಾನಿಸುತ್ತದೆ. ಬೀಳುವಾಗ ಗಳಿಸಿದ ವೇಗವೇ ಅದನ್ನು ಮತ್ತೆ ದೂರಕ್ಕೆ ಒಯ್ಯುತ್ತದೆ.

ಸೆಳೆತ ಏಕಮುಖವೂ ಅಲ್ಲ. ಗ್ರಹವೂ ತನ್ನ ನಕ್ಷತ್ರವನ್ನು ಎಳೆದು ತುಸು ಅಲುಗಿಸುತ್ತದೆ. ಈ ಅಲುಗಾಟವನ್ನೇ ಹಿಡಿದು ಮೇಯರ್ ಮತ್ತು ಕೆಲೋಜ್ 1995ರಲ್ಲಿ 51 ಪೆಗಾಸಿ ಎಂಬ ನಕ್ಷತ್ರವನ್ನು ನಾಲ್ಕು ದಿನಗಳಿಗೊಮ್ಮೆ ಸುತ್ತುವ ಗ್ರಹವನ್ನು ಗುರುತಿಸಿದರು. ಅದಕ್ಕಾಗಿ 2019ರ ನೊಬೆಲ್ ಪುರಸ್ಕಾರದಲ್ಲಿ ಪಾಲು ಪಡೆದರು. ಹಣ್ಣನ್ನು ನೆಲಕ್ಕೆ ತರುವ ನಿಯಮವೇ ಕಾಣದ ಲೋಕಗಳ ಇರವನ್ನೂ ನಮಗೆ ತಿಳಿಸುತ್ತಿದೆ.